ಇಲ್ಲ ಅನ್ನಲು ಫಾರ್ಮ್ ಇರಲಿಲ್ಲ

ನಮ್ಮ ಹಮಾಲರ ಚಾಳಿನ ಮೊಮ್ಮಕ್ಕಳಲ್ಲಿ ಇಬ್ಬರು ಈ ವರ್ಷ ಸರ್ಕಾರಿ ಕಚೇರಿಗಳಲ್ಲಿ ಗುಮಾಸ್ತರಾಗಿ ಸೇರಿದ್ದಾರೆ. ಅವರಲ್ಲಿ ಒಬ್ಬಳು ಫೋನು ಮಾಡಿ, "ಅಂಕಲ್, ಕಾಮ್ ಮೇ ಖಾಸ್ ಕ್ಯಾ ಧ್ಯಾನ್ ರಖನೇಕಾ? ಕೆಲಸದಾಗ ಏನು ನೆನಪಿಡಬೇಕು ಹೇಳ್ರಿ" ಎಂದು ಕೇಳಿದಳು. ಫೋನಿನಲ್ಲಿ ಹೇಳಿದ್ದು ಅವಳಿಗೂ ಸಾಲಲಿಲ್ಲ, ನನಗೂ ಸಾಲಲಿಲ್ಲ. ಅದಕ್ಕೇ ಬರೆಯುತ್ತಿದ್ದೇನೆ. ಬಡ್ತಿ, ವರ್ಗಾವಣೆ, ಬೀಳ್ಕೊಡುಗೆಯ ಶಾಲು ಇವನ್ನೆಲ್ಲ ಬಿಟ್ಟಿದ್ದೇನೆ. ಅವು ಎಲ್ಲರಿಗೂ ಒಂದೇ ಥರ ಇರುತ್ತವೆ.

ನನ್ನ ಅಪ್ಪ ಇಂಡಿ ತಾಲೂಕಿನಿಂದ ಬಂದು ಕಲ್ಯಾಣದ ಗೂಡ್ಸ್ ಶೆಡ್ಡಿನಲ್ಲಿ ಚೀಲ ಹೊತ್ತವನು. ನಾನೂ ಎರಡು ವರ್ಷ ಹೊತ್ತಿದ್ದೇನೆ. ಬೆಳಿಗ್ಗೆ ಚೀಲ, ಮಧ್ಯಾಹ್ನ ಉಲ್ಹಾಸನಗರದ ಕಾಲೇಜು. ಬಿ.ಎ.ಯಲ್ಲಿ ಮೂರನೇ ದರ್ಜೆ ಬಂತು. ಮೂರನೇ ದರ್ಜೆಯಾದರೂ ಬಿ.ಎ. ಬಿ.ಎ.ಯೇ. ನಮ್ಮ ಚಾಳಿನಲ್ಲಿ ನಾನೇ ಮೊದಲು. ಅಪ್ಪ ಸರ್ಟಿಫಿಕೇಟಿಗೆ ಕಟ್ಟು ಹಾಕಿಸಿ ಗೋಡೆಗೆ ತೂಗುಹಾಕಿದ. ಅದು ತಲೆಕೆಳಗಾಗಿದೆ ಎಂದು ಚಾಳಿನಲ್ಲಿ ಒಂದು ವಾರ ಯಾರಿಗೂ ಗೊತ್ತಾಗಲಿಲ್ಲ. ನನಗೆ ಗೊತ್ತಾಗಿತ್ತು. ಅಪ್ಪ ನಿದ್ದೆ ಹೋಗಿದ್ದಾಗ ಸರಿಮಾಡಿದೆ.

ತೊಂಬತ್ತೊಂದರಲ್ಲಿ ಕಲ್ಯಾಣದ ಒಂದು ಕಚೇರಿಯಲ್ಲಿ ಗುಮಾಸ್ತನಾದೆ. ಕಚೇರಿಯ ಹೆಸರು ಹೇಳುವುದಿಲ್ಲ. ಸಭೆ, ಮೆರವಣಿಗೆ, ಧ್ವನಿವರ್ಧಕ, ಇವುಗಳಿಗೆ ಅನುಮತಿ ಕೊಡುವ ಪರವಾನಗಿ ಶಾಖೆ ನನ್ನದು. ಒಂದು ಮೇಜು, ಒಂದು ಮರಾಠಿ ಟೈಪ್‌ರೈಟರು, ಸೈಕ್ಲೋಸ್ಟೈಲ್ ಮಾಡಿದ ಅನುಮತಿ ಫಾರ್ಮುಗಳ ಕಟ್ಟು. ಫಾರ್ಮಿನಲ್ಲಿ ಎಲ್ಲ ಛಾಪಿಸಿಯೇ ಇರುತ್ತಿತ್ತು. ಹೆಸರು, ಜಾಗ, ದಿನಾಂಕ ತುಂಬಿದರೆ ಆಯಿತು.

ಸೇರಿದ ಮೊದಲ ವಾರವೇ ತಪ್ಪು ಮಾಡಿದೆ. ರಿಕ್ಷಾದವರು ಮೋರ್ಚಾ ತೆಗೆಯಲು ಅರ್ಜಿ ಕೊಟ್ಟಿದ್ದರು. ಅದೇ ದಿನ ಅದೇ ರಸ್ತೆಯಲ್ಲಿ ಗಟಾರಕ್ಕೆ ಅಗೆತ ಇತ್ತು. ಪದವೀಧರನಲ್ಲವೇ, ನೀಟಾಗಿ ಟೈಪು ಮಾಡಿದೆ: "ರಸ್ತೆ ಅಗೆದಿರುವುದರಿಂದ ಅನುಮತಿ ಇಲ್ಲ." ಸಾಹೇಬರ ಮುಂದೆ ಹಿಡಿದೆ. ಅವರು ಓದಿ, ಕನ್ನಡಕ ತೆಗೆದು, ನನ್ನನ್ನು ಕೂರಿಸಿ ಪಾಠ ಹೇಳಿದರು. ಸಾಹೇಬರು ಮಾತಾಡುತ್ತಿದ್ದುದು ಮರಾಠಿ. ನಾನು ಕನ್ನಡದಲ್ಲಿ ಬರೆಯುತ್ತೇನೆ.

"ಭೀಮಣ್ಣ, ಇಲ್ಲ ಅಂತ ಬರೆದರೆ ಯಾಕೆ ಅಂತ ಕೇಳ್ತಾರೆ. ಯಾಕೆ ಅಂತ ಬರೆದರೆ ಕೋರ್ಟಿಗೆ ಹೋಗ್ತಾರೆ. ಏನೂ ಬರೆಯದಿದ್ರೆ ಮನೆಗೆ ಹೋಗ್ತಾರೆ."

"ಮತ್ತೆ ಅರ್ಜಿ ಏನು ಮಾಡೋದು ಸಾಹೇಬ್?"

"ಇಟ್ಕೊ. ದಿನಾಂಕ ದಾಟಲಿ. ದಾಟಿದ ಮೇಲೆ ಫೈಲ್ ಮಾಡು."

ಅಲ್ಲಿಂದ ಏಳು ವರ್ಷ ನಾನು ಹಾಗೇ ಮಾಡಿದೆ. ಕೊಡುವುದಿದ್ದರೆ ಫಾರ್ಮು. ಕೊಡದಿದ್ದರೆ ಏನೂ ಇಲ್ಲ. ಇಲ್ಲ ಅನ್ನಲು ನಮ್ಮ ಕಚೇರಿಯಲ್ಲಿ ಫಾರ್ಮೇ ಇರಲಿಲ್ಲ. ಜನ ಬಂದು ಕೇಳಿದರೆ "ಸಾಹೇಬರ ಟೇಬಲ್ ಮೇಲಿದೆ" ಅನ್ನಬೇಕು. ಸಾಹೇಬರ ಟೇಬಲ್ಲಿನ ಮೇಲೆ ನಿಜವಾಗಿ ಇರುತ್ತಿದ್ದುದು ಅವರ ಟಿಫಿನ್ ಡಬ್ಬಿ ಮತ್ತು ಲೋಕಲ್ ಟ್ರೇನಿನ ವೇಳಾಪಟ್ಟಿ.

ಇನ್ನೊಂದು ಕೆಲಸವೂ ನನ್ನದಾಗಿತ್ತು. ಐದು ಅಥವಾ ಹೆಚ್ಚು ಜನ ಪರವಾನಗಿಯಿಲ್ಲದೆ ಒಂದೆಡೆ ಸೇರಬಾರದು ಅನ್ನುವ ಜಮಾವಬಂದಿ ಆದೇಶ. ಹದಿನೈದು ದಿನಕ್ಕೆ ಅದರ ಆಯುಷ್ಯ ಮುಗಿಯುತ್ತಿತ್ತು, ಮುಗಿಯುವ ಮೊದಲು ಹೊಸ ದಿನಾಂಕ ಹಾಕಿ ಹೊರಡಿಸುತ್ತಿದ್ದೆವು. ಅದು ಯಾವಾಗ ಶುರುವಾಯಿತು, ಯಾವ ಗಲಾಟೆಗೆ ಶುರುವಾಯಿತು ಎಂದು ಶಾಖೆಯಲ್ಲಿ ಯಾರಿಗೂ ನೆನಪಿರಲಿಲ್ಲ. ಕಲ್ಯಾಣ ಸ್ಟೇಷನ್ನಿನಲ್ಲಿ ಲೋಕಲ್ ಟ್ರೇನಿನ ಒಂದೊಂದು ಡಬ್ಬಿಯಿಂದಲೂ ಮುನ್ನೂರು ಜನ ಇಳಿಯುವ ಊರಿಗೆ ಐದು ಜನ ಸೇರಬಾರದು ಎಂದು ನಾನು ತಿಂಗಳಿಗೆ ಎರಡು ಸಲ ಟೈಪು ಮಾಡುತ್ತಿದ್ದೆ. ಒಮ್ಮೆ ಒಬ್ಬ ಮದುವೆಯ ವರನ ತಂದೆ ಬಂದು, "ವರ, ವರನ ತಾಯಿ, ನಾನು, ಭಟ್ಟರು, ಬ್ಯಾಂಡಿನವನು... ಐದಾಯ್ತಲ್ಲ ಸಾಹೇಬ್, ಕುದುರೆ ಲೆಕ್ಕಕ್ಕೆ ಬರುತ್ತಾ?" ಎಂದು ಕೇಳಿದ. ಕುದುರೆ ಬರುವುದಿಲ್ಲ ಎಂದು ನಾನೇ ತೀರ್ಪು ಕೊಟ್ಟೆ.

ತೊಂಬತ್ತಾರರಲ್ಲಿ ನನ್ನನ್ನು ಒಂದು ತಿಂಗಳು ವಾಶಿಗೆ ಎರವಲು ಕಳಿಸಿದ್ದರು. ನವಿ ಮುಂಬೈಯ ತೋಟಗಳಲ್ಲಿ ಆಗ ಹಿರಿಯರ ನಗೆಕೂಟಗಳು ಹುಟ್ಟಿದ್ದವು. ಅಂಥ ಒಂದು ಕೂಟ, ಬೆಳಿಗ್ಗೆ ಆರರಿಂದ ಏಳರವರೆಗೆ ನಗಲು ಅನುಮತಿ ಬೇಕು ಎಂದು ಅರ್ಜಿ ಹಾಕಿತು. ಅರ್ಜಿಯಲ್ಲಿ "ಕೂಗಲಿರುವ ಘೋಷಣೆಗಳು" ಎಂಬ ಕಾಲಮ್ಮು ಇರುತ್ತದೆ. ಅದರಲ್ಲಿ ಅವರು ಬರೆದಿದ್ದರು: "ಹಾ ಹಾ ಹಾ. ಹೋ ಹೋ ಹೋ." ಅಲ್ಲಿಯ ಅಧಿಕಾರಿ ಎರಡು ಸಲ ಓದಿ, ಇದರಲ್ಲಿ ಯಾವ ಧರ್ಮಕ್ಕೂ ಪಕ್ಷಕ್ಕೂ ಧಕ್ಕೆ ಇಲ್ಲ ಎಂದು ಷರಾ ಬರೆದು ಸಹಿ ಹಾಕಿದರು. ಕಾಲಮ್ಮು ತುಂಬಿತ್ತಲ್ಲ, ಅಷ್ಟೇ ಬೇಕಾಗಿದ್ದು.

ಈಗ ನಾನು ಹೇಳಬೇಕೆಂದು ಕೂತಿರುವ ಕೇಸಿಗೆ ಬರುತ್ತೇನೆ.

ತೊಂಬತ್ತೆಂಟರ ಮೇ ತಿಂಗಳಲ್ಲಿ ಪೋಖರಣದಲ್ಲಿ ಅಣುಬಾಂಬಿನ ಪರೀಕ್ಷೆ ಆಯಿತು. ಕಲ್ಯಾಣದ ಮಾರ್ಕೆಟ್ಟಿನಲ್ಲಿ ಪೇಢೆ ಹಂಚಿದರು, ಸರಪಟಾಕಿ ಹಚ್ಚಿದರು, ಬ್ಯಾಂಡು ಹಚ್ಚಿ ಮೆರವಣಿಗೆ ತೆಗೆದರು. ನಮ್ಮ ಕಚೇರಿಗೂ ಪೇಢೆ ಬಂತು. ಆ ಮೆರವಣಿಗೆಗೆ ಅರ್ಜಿ ಬಂದಿರಲಿಲ್ಲ. ನಾನು ನೆನಪಿಸಿದಾಗ ಸಾಹೇಬರು ಬಾಯಲ್ಲಿ ಪೇಢೆ ಇಟ್ಟುಕೊಂಡೇ ಹೇಳಿದರು: "ಆನಂದಕ್ಕೆ ಅರ್ಜಿ ಕೇಳ್ತಾರೇನೋ?"

ಎರಡು ತಿಂಗಳಾದ ಮೇಲೆ, ಜುಲೈ ಕೊನೆಯಲ್ಲಿ, ಕಲ್ಲಪ್ಪ ಮಾಸ್ತರು ಬಂದರು.

ಮಾಸ್ತರು ಧಾರವಾಡದ ಕಡೆಯವರು. ಹಮಾಲರ ಮಕ್ಕಳಿಗಾಗಿ ಗೂಡ್ಸ್ ಶೆಡ್ಡಿನ ಹಿಂದೆ ಸಂಜೆಯ ಕನ್ನಡ ಶಾಲೆ ನಡೆಸುತ್ತಿದ್ದರು. ನಾನು ಮ್ಯಾಟ್ರಿಕ್ ಆಗಿದ್ದು ಅವರಿಂದ. ಅವರಿಲ್ಲದಿದ್ದರೆ ನಾನು ಇವತ್ತಿಗೂ ಚೀಲದ ಕೆಳಗೇ ಇರುತ್ತಿದ್ದೆ. ನಿವೃತ್ತಿಯಾಗಿ ಡೊಂಬಿವಲಿಯಲ್ಲಿದ್ದರು. ಕೊಡೆ ಮಡಚಿ ನನ್ನ ಮೇಜಿಗೆ ಒರಗಿಸಿ, ಒಂದು ಅರ್ಜಿ ಇಟ್ಟರು.

"ಏನಪಾ ಭೀಮಾ, ದೊಡ್ಡ ಆಫೀಸರ್ ಆಗೀ. ಇದನ್ನ ನೋಡು."

ಆಗಸ್ಟ್ ಆರನೇ ತಾರೀಕು, ಹಿರೋಶಿಮಾದ ಮೇಲೆ ಬಾಂಬು ಹಾಕಿದ ದಿನ, ಬೆಳಿಗ್ಗೆ ಹನ್ನೊಂದರಿಂದ ಹನ್ನೆರಡು, ಕಲ್ಯಾಣ ಸ್ಟೇಷನ್ನಿನ ಎದುರು ಐದು ಜನ ಸುಮ್ಮನೆ ನಿಲ್ಲುತ್ತಾರೆ. ಧ್ವನಿವರ್ಧಕ: ಇಲ್ಲ. ವಾಹನ: ಇಲ್ಲ. ಪಕ್ಷ: ಇಲ್ಲ. ಕೂಗಲಿರುವ ಘೋಷಣೆಗಳು: ಇಲ್ಲ. ಐದು ಜನರೆಂದರೆ ಮಾಸ್ತರು, ವರ್ತಕ ನಗರದ ಒಬ್ಬ ನಿವೃತ್ತ ನರ್ಸಮ್ಮ, ಮದ್ದುಗುಂಡಿನ ಕಾರ್ಖಾನೆಯಲ್ಲಿ ಮೂವತ್ತು ವರ್ಷ ದುಡಿದ ಒಬ್ಬ ಫಿಟ್ಟರು, ಮತ್ತೆ ಡೊಂಬಿವಲಿಯ ಇಬ್ಬರು ಅಣ್ಣತಮ್ಮಂದಿರು. ಎಲ್ಲರೂ ಅರವತ್ತು ದಾಟಿದವರು.

"ಸರ, ಐದು ಮಂದಿ ಅಂದ್ರ ಜಮಾವಬಂದಿ ಅಡ್ಡ ಬರತೈತ್ರಿ. ಒಬ್ರನ್ನ ಮನ್ಯಾಗ ಬಿಟ್ಟು ಬರ್ರಿ. ನಾಕು ಮಂದಿಗೆ ನನ್ನ ಕಾಗದ ಬೇಕಾಗಂಗಿಲ್ಲ" ಎಂದೆ.

"ಯಾರನ್ನ ಬಿಡ್ಲಿ? ನೀನ ಆರಿಸು."

ನಾನು ಅರ್ಜಿಯಲ್ಲಿದ್ದ ಐದು ಹೆಸರುಗಳ ಮೇಲೆ ಬೆರಳಾಡಿಸಿದೆ.

"ನೋಡು ಭೀಮಾ, ಬಾಂಬು ಬ್ಯಾಡ ಅನ್ನೂದು ಆಮ್ಯಾಲಿನ ಮಾತು. ಬ್ಯಾಡ ಅನ್ನಾಕ ನಿಂದರಲಿಕ್ಕೆ ಒಂದೀಟು ಜಾಗಾ ಬೇಕಲ್ಲ, ಅದು ಮೊದಲಿಂದು. ಬೇಕು ಅಂದವರು ಬ್ಯಾಂಡ್ ಹಚಗೊಂಡು ಹೋದ್ರು. ನಾವು ಬ್ಯಾಡ ಅಂತ ಸುಮ್ಮ ನಿಂದರತೀವಿ. ಹೌದೋ ಇಲ್ಲೋ, ಎರಡ್ರಾಗ ಒಂದು ಬರದು ಕೊಡು. ಇಲ್ಲ ಅನ್ನೂದಿದ್ರ ಯಾಕ ಅಂತ ಬರಿ. ತಾರೀಕು ದಾಟಿಸಬ್ಯಾಡ. ನಿಮ್ಮ ಆಫೀಸಿನ ಪದ್ಧತಿ ನನಗ ಗೊತ್ತೈತಿ."

"ಬರದು ಕೊಡೂದು ನಮ್ಮಲ್ಲಿ ಪದ್ಧತಿ ಇಲ್ರಿ ಸರ."

"ಹಂಗಾರ ನಾವೂ ಹೋಗಂಗಿಲ್ಲ. ಕಾಗದ ಸಿಗೂ ತನಕ ದಿನಾ ಬರ್ತೀನಿ. ನನಗೇನು ಕೆಲಸ ಐತಿ?"

ನಿಜವಾಗಿ ದಿನಾ ಬಂದರು. ಹತ್ತೂವರೆಗೆ ನನ್ನ ಮೇಜಿನ ಎದುರಿನ ಬೆಂಚಿನ ಮೇಲೆ ಕೂತು, ಒಂದು ಗಂಟೆಗೆ ಅವಲಕ್ಕಿ ತಿಂದು, ನಾಲ್ಕಕ್ಕೆ ಎದ್ದು ಹೋಗುತ್ತಿದ್ದರು. ನನ್ನನ್ನು ಓದಿಸಿದ ಮನುಷ್ಯ ಎದುರಿಗೆ ಕೂತಿರುವಾಗ "ಸಾಹೇಬರ ಟೇಬಲ್ ಮೇಲಿದೆ" ಅನ್ನಲು ನಾಲಿಗೆ ಹೊರಳಲಿಲ್ಲ.

ಅರ್ಜಿಯನ್ನು ಸಾಹೇಬರ ಹತ್ತಿರ ಒಯ್ದೆ. ಅವರ ಕಣ್ಣು ನೇರವಾಗಿ ಘೋಷಣೆಯ ಕಾಲಮ್ಮಿಗೆ ಹೋಯಿತು.

"ಇಲ್ಲ ಅಂದ್ರೆ ಏನು?"

"ಕೂಗುವುದಿಲ್ಲವಂತೆ ಸಾಹೇಬ್. ಮೌನ."

"ಏನನ್ನ ಮುಚ್ಚಿಡ್ತಿದ್ದಾರೆ?"

"ಏನೂ ಇಲ್ಲ ಅನಿಸುತ್ತೆ."

"ಒಂದು ಘೋಷಣೆ ಬರೆಯೋಕೆ ಹೇಳು. ಶಾಂತಿ ಬೇಕು ಅಂತ ಬರೀಲಿ." ಅಷ್ಟು ಹೇಳಿ ತಾವೇ ತಲೆ ಅಲ್ಲಾಡಿಸಿದರು. "ಬೇಡ. ಶಾಂತಿ ಬೇಕು ಅಂದ್ರೆ ಈಗ ಇಲ್ಲ ಅಂದಹಾಗಾಯ್ತು. ಕಲ್ಯಾಣದಲ್ಲಿ ಶಾಂತಿ ಇಲ್ಲ ಅಂತ ಮೇಲಿನವರು ಓದಿದ್ರೆ ನನ್ನನ್ನ ಕೇಳ್ತಾರೆ."

"ಬಾಂಬು ಬೇಡ ಅಂತ?"

"ಯಾವ ಬಾಂಬು? ನಮ್ಮದೋ ಅವರದೋ? ಅವರದು ಅಂತ ಬರೆದರೆ ಈಗಲೇ ಕೊಡ್ತೀನಿ."

ಬೆಂಚಿಗೆ ಬಂದು ಮಾಸ್ತರನ್ನು ಕೇಳಿದೆ. "ಬಾಂಬಿಗೆ ಪಾಸ್‌ಪೋರ್ಟ್ ಇರತೈತೇನು?" ಎಂದರು. ಒಳಗೆ ಹೋಗಿ, ಅವರು ಒಪ್ಪುವುದಿಲ್ಲ, ಖಾಲಿ ಬೋರ್ಡು ಹಿಡಿದು ನಿಲ್ಲಬಹುದೇ ಎಂದು ಕೇಳಿದೆ. ಇದು ನನ್ನದೇ ಉಪಾಯ. ಸಾಹೇಬರು ಗಾಬರಿಯಾದರು.

"ಖಾಲಿ ಬೋರ್ಡಾ? ಅದರ ಮೇಲೆ ಆಮೇಲೆ ಯಾರು ಏನು ಬೇಕಾದ್ರೂ ಬರೀಬಹುದು! ಭೀಮಣ್ಣ, ನೀನು ಓದಿದವನು. ಕೂಗೋ ಜನ ಒಳ್ಳೆಯವರು. ಏನು ಕೂಗಿದ್ರು ಅಂತ ಬರೆದುಕೊಳ್ಳಬಹುದು, ತಪ್ಪಿದ್ರೆ ಹಿಡೀಬಹುದು. ಸುಮ್ಮನೆ ನಿಂತವನ ತಲೆಯಲ್ಲಿ ಏನು ಓಡ್ತಿದೆ ಅಂತ ತಿಳ್ಕೊಳ್ಳೋಕೆ ನಮ್ಮ ಇಲಾಖೆಯಲ್ಲಿ ಏನು ವ್ಯವಸ್ಥೆ ಇದೆ? ಇಲ್ಲ. ಹಾಗಾಗಿ ಆಗೋದಿಲ್ಲ. ಇಟ್ಕೊ, ದಿನಾಂಕ ದಾಟಲಿ."

ಅಂದರೆ ಕಾರಣ ಇತ್ತು. ಬಾಯಲ್ಲಿತ್ತು, ಕಾಗದದ ಮೇಲಿರಲಿಲ್ಲ. ಮಾಸ್ತರು ಕೇಳುತ್ತಿದ್ದುದು ಅದನ್ನೇ.

ಮೂರು ದಿನ ನನಗೆ ಅನ್ನ ಸೇರಲಿಲ್ಲ. ಅಪ್ಪನ ಬೆನ್ನು ಹೋಗಿತ್ತು, ಇಬ್ಬರು ತಂಗಿಯರ ಮದುವೆ ಬಾಕಿ ಇತ್ತು, ಮನೆಯಲ್ಲಿ ಸಂಬಳ ಅಂತ ಬರುತ್ತಿದ್ದುದು ನನ್ನದೊಂದೇ. ಸಾಹೇಬರು ಬರೆಯಬೇಡ ಅಂದದ್ದನ್ನು ಬರೆದರೆ ಕೆಲಸ ಹೋಗಬಹುದು. ಬರೆಯದಿದ್ದರೆ ಆರನೇ ತಾರೀಕು ದಾಟುತ್ತದೆ, ಮಾಸ್ತರು ಉತ್ತರವೇ ಸಿಗದೆ ಕೊಡೆ ಎತ್ತಿಕೊಂಡು ಹೋಗುತ್ತಾರೆ, ಆಮೇಲೆ ನಾನು ಅವರ ಮುಖ ನೋಡುವ ಹಾಗಿಲ್ಲ.

ಇಲ್ಲಿ ನಮ್ಮ ಶಾಖೆಯ ಸಹಿಯ ಪದ್ಧತಿ ಹೇಳಬೇಕು. ಸಾಹೇಬರು ಠಾಣೆ ಶಹರದವರು. ಸಂಜೆ ಐದೂ ಇಪ್ಪತ್ಮೂರರ ಫಾಸ್ಟ್ ಲೋಕಲ್ ಹಿಡಿಯಬೇಕು. ಐದಕ್ಕೆ ಸರಿಯಾಗಿ ನಾನು ದಿನದ ಕಾಗದಗಳ ಗಂಟನ್ನು ಅವರ ಮುಂದೆ ಇಡುತ್ತಿದ್ದೆ. ಎಡಗೈಯಿಂದ ಹಾಳೆ ಎತ್ತುವುದು, ಬಲಗೈಯಿಂದ ಮಸಿ ಒರಸುವ ಕಾಗದ ಒತ್ತುವುದು ನನ್ನ ಕೆಲಸ. ಅವರಿಗೆ ಕಾಣುತ್ತಿದ್ದುದು ಹಾಳೆಯ ಬಲಗಡೆಯ ಕೆಳಮೂಲೆ ಮಾತ್ರ. ಆಗಸ್ಟ್ ಮೊದಲ ವಾರವೆಂದರೆ ಗಣಪತಿ ಮಂಡಳಗಳ ಧ್ವನಿವರ್ಧಕದ ಸುಗ್ಗಿ. ಗಂಟು ಮೊಣಕೈ ಎತ್ತರ ಇರುತ್ತಿತ್ತು.

ನಾಲ್ಕನೇ ತಾರೀಕು ನಾನು ಟೈಪ್‌ರೈಟರಿನ ಮುಂದೆ ಕೂತೆ. ಫಾರ್ಮು ಇರಲಿಲ್ಲವಾದ್ದರಿಂದ ಖಾಲಿ ಹಾಳೆಯ ಮೇಲೆ ಮೊದಲಿನಿಂದ ಬರೆಯಬೇಕಾಯಿತು. ನನ್ನ ಬುದ್ಧಿ ಉಪಯೋಗಿಸಲಿಲ್ಲ. ಸಾಹೇಬರು ಹೇಳಿದ್ದನ್ನೇ ಕಚೇರಿಯ ಮರಾಠಿಗೆ ಇಳಿಸಿದೆ. ಕನ್ನಡದಲ್ಲಿ ಅದು ಹೀಗೆ:

"ತಾವು ಸದರಿ ದಿನ ಮೌನವಾಗಿ ನಿಲ್ಲುವುದಾಗಿ ತಿಳಿಸಿರುತ್ತೀರಿ. ಮೌನವಾಗಿ ನಿಂತಿರುವ ವ್ಯಕ್ತಿಯು ಏನು ಯೋಚಿಸುತ್ತಿದ್ದಾನೆಂದು ತಿಳಿದುಕೊಳ್ಳುವ ವ್ಯವಸ್ಥೆಯು ಈ ಇಲಾಖೆಯಲ್ಲಿ ಇರುವುದಿಲ್ಲ. ಆದಕಾರಣ ಅನುಮತಿಯನ್ನು ನಿರಾಕರಿಸಲಾಗಿದೆ."

ಒಂದು ತಪ್ಪಿಲ್ಲದೆ ಟೈಪು ಮಾಡಿದೆ. ಗಂಟಿನ ನಡುವೆ, ಎರಡು ಗಣಪತಿ ಮಂಡಳಗಳ ಅನುಮತಿಗಳ ಮಧ್ಯೆ ಇಟ್ಟೆ. ಐದೂ ಹನ್ನೊಂದಕ್ಕೆ ಸಹಿ ಬಿತ್ತು. ದುಂಡು ಮೊಹರು ಒತ್ತಿ, ಮರುದಿನ ಬೆಳಿಗ್ಗೆ ಬೆಂಚಿನ ಮೇಲಿದ್ದ ಮಾಸ್ತರ ಕೈಗೆ ಕೊಟ್ಟು, ಮುಟ್ಟಿತೆಂದು ಪೋಚು ಬರೆಸಿಕೊಂಡೆ. ಅವರು ಎರಡು ಸಲ ಓದಿದರು. ಎದ್ದು ನಿಂತು ನನ್ನ ಬೆನ್ನು ತಟ್ಟಿದರು. ನನಗೆ ಪದವಿ ಸಿಕ್ಕಿದ ದಿನವೂ ಹೀಗೇ ತಟ್ಟಿದ್ದರು, ಅದೇ ಕೈ. ಏಳು ವರ್ಷದಲ್ಲಿ ನಮ್ಮ ಶಾಖೆಯಿಂದ ಹೊರಬಿದ್ದ ಮೊದಲ ನಿರಾಕರಣೆ ಅದು, ಅದನ್ನು ಬರೆದವನು ನಾನು ಎಂದು ಹೆಮ್ಮೆಪಟ್ಟೆ.

ಆರನೇ ತಾರೀಕು ಗುರುವಾರ. ಹನ್ನೊಂದಕ್ಕೆ ಐದೂ ಜನ ಸ್ಟೇಷನ್ನಿನ ಎದುರು ನಿಂತರು. ಹಿಡಿಯಲು ಘೋಷಣೆ ಇರಲಿಲ್ಲವಾದ್ದರಿಂದ ಮಾಸ್ತರು ನಮ್ಮ ಪತ್ರವನ್ನೇ ರಟ್ಟಿಗೆ ಅಂಟಿಸಿ, ಮಳೆಗೆಂದು ಪ್ಲಾಸ್ಟಿಕ್ ಸುತ್ತಿ, ಎದೆಗೆ ಹಿಡಿದುಕೊಂಡಿದ್ದರು. ಅಲ್ಲಿನ ಡ್ಯೂಟಿ ಹವಾಲ್ದಾರ ತುಕಾರಾಮನದು. ನನಗೆ ಗುರುತಿನವನು, ಒಳ್ಳೆಯ ಮನುಷ್ಯ. ನಡೆದದ್ದನ್ನು ಆಮೇಲೆ ಅವನೇ ಹೇಳಿದ್ದು.

ಅವನು ಎಣಿಸಿ ನೋಡಿದ. ಐದು. "ಮಾಸ್ತರ್, ಆಪ್ ಜರಾ ಇಧರ್ ಆಜಾವ್" ಎಂದು ಅವರೊಬ್ಬರನ್ನೇ ಹತ್ತು ಹೆಜ್ಜೆ ದೂರ, ರಿಕ್ಷಾ ಸ್ಟ್ಯಾಂಡಿನ ಕಂಬದ ಹತ್ತಿರ ನಿಲ್ಲಿಸಿದ. ಈಗ ನಾಲ್ಕು ಮತ್ತು ಒಂದು. ಕಾನೂನು ಉಳಿಯಿತು, ಮುದುಕರೂ ಉಳಿದರು. ಅವನ ಲೆಕ್ಕ ಸರಿಯಾಗಿಯೇ ಇತ್ತು. ಆದರೆ ಗುಂಪಿನಲ್ಲಿ ನಿಂತ ಮುದುಕನನ್ನು ಯಾರೂ ನೋಡುವುದಿಲ್ಲ. ಒಂಟಿಯಾಗಿ ಕಂಬದ ಹತ್ತಿರ ನಿಂತ ಮುದುಕನನ್ನು ಎಲ್ಲರೂ ನೋಡುತ್ತಾರೆ. ರಿಕ್ಷಾದವರು ಬಂದು ಓದಿದರು. ಲೋಕಲ್ ಇಳಿದವರು ಬಂದು ಓದಿದರು. ಸರ್ಕಾರದ ಮೊಹರು ನೋಡಿ, ಏನೋ ಕ್ವಾರ್ಟರ್ಸ್ ಹಂಚಿಕೆಯ ಪಟ್ಟಿ ಇರಬೇಕೆಂದು ಇನ್ನಷ್ಟು ಜನ ನುಗ್ಗಿದರು.

"ಪೀಛೇವಾಲೋಂಕೊ ದಿಖತಾ ನಹೀ! ಜೋರ್ ಸೆ ಪಢೋ!" ಎಂದು ಹಿಂದಿನಿಂದ ಕೂಗಿದರು.

ಮಾಸ್ತರು ಗಟ್ಟಿಯಾಗಿ ಓದಲಿಲ್ಲ. ಮೌನ ಎಂದು ಅರ್ಜಿಯಲ್ಲಿ ಬರೆದಿದ್ದರಲ್ಲ. ಗುಂಪು ಚದುರಿಸಬೇಕಾದ ಹವಾಲ್ದಾರ, ಒಮ್ಮೆ ಕೇಳಿದರೆ ಹೋಗುತ್ತಾರೆ ಎಂದುಕೊಂಡು, ತಾನೇ ಕಟ್ಟೆಯ ಮೇಲೆ ಹತ್ತಿ, ಪರೇಡಿನ ದನಿಯಲ್ಲಿ ಓದಿದ. ಜನ ನಕ್ಕರು. ಹೊಸ ಲೋಕಲ್ ಬಂತು, ಹೊಸ ಜನ ಬಂದರು, ಮತ್ತೆ ಓದಿದ. ಮೂರನೇ ಸಲ ಓದುವಾಗ ಜನ ಅವನ ಜೊತೆಗೇ ಹೇಳತೊಡಗಿದರು: "ಇಲಾಖೆಯಲ್ಲಿ ಇರುವುದಿಲ್ಲ!" ಆಗ ಇನ್ಸ್‌ಪೆಕ್ಟರ್ ಬಂದು ಮಾಸ್ತರನ್ನೂ ರಟ್ಟನ್ನೂ ಪೊಲೀಸ್ ಚೌಕಿಗೆ ಒಯ್ದರು. ಉಳಿದ ನಾಲ್ವರು ನಾಲ್ವರೇ ಆಗಿದ್ದರಿಂದ ಹನ್ನೆರಡರವರೆಗೂ ಅಲ್ಲೇ ನಿಂತಿದ್ದರು.

ಕಚೇರಿಗೆ ಫೋನು ಬಂತು. ಸಾಹೇಬರು ರಿಸೀವರ್ ಇಟ್ಟು ನನ್ನನ್ನು ಕರೆದರು.

"ಭೀಮಣ್ಣ, ನನ್ನ ಸಹಿ ಇದೆಯಂತೆ?"

"ಇದೆ ಸಾಹೇಬ್."

"ನಾನು ಓದಿದ್ದೆನಾ?"

"ಸಹಿ ಇದೆ ಸಾಹೇಬ್."

ನನ್ನ ಮೇಲೆ ಕ್ರಮ ತೆಗೆದುಕೊಳ್ಳಬೇಕಾದರೆ, ಓದದೆ ಸಹಿ ಹಾಕಿದೆ ಎಂದು ಅವರೇ ಬರೆದುಕೊಡಬೇಕು. ಅದು ಇಬ್ಬರಿಗೂ ಒಟ್ಟಿಗೇ ಅರ್ಥವಾಯಿತು. "ಹೋಗು, ಆ ಕಾಗದ ವಾಪಸ್ ತಗೊಂಡು ಬಾ" ಎಂದರು.

ನಾನು ಚೌಕಿಗೆ ಹೋದಾಗ ಪಂಚನಾಮೆ ನಡೆದಿತ್ತು. ವಶಪಡಿಸಿಕೊಂಡ ವಸ್ತುವನ್ನು ಇಬ್ಬರು ಪಂಚರ ಮುಂದೆ ಓದಿ, ಕೇಳಿ ಅರ್ಥ ಮಾಡಿಕೊಂಡೆವು ಎಂದು ಅವರಿಂದ ಸಹಿ ಹಾಕಿಸಬೇಕು. ಒಬ್ಬ ಪಂಚ ಪಾನ್ ಅಂಗಡಿಯವನು. ಇನ್ನೊಬ್ಬರು ಸ್ಟೇಷನ್ನಿನ ಎದುರು ಹೋಟೆಲು ಇಟ್ಟಿರುವ ನಮ್ಮ ಕರಾವಳಿಯ ಸದಾಶಿವಣ್ಣ. ಪಾನಿನವನು, ಹೋಟೆಲಿನವರು ಹಾಕಿದರೆ ತಾನೂ ಹಾಕುತ್ತೇನೆ ಅಂದಿದ್ದ. ಹೋಟೆಲಿನವರು ಪೆನ್ನು ಹಿಡಿದು ಕೂತಿದ್ದರು. ನನ್ನನ್ನು ಕಂಡದ್ದೇ ಕನ್ನಡಕ್ಕೆ ಹೊರಳಿದರು.

"ಭೀಮಣ್ಣ, ಬನ್ನಿ ಮಾರಾಯ್ರೆ. ನೀವು ಓದಿದವರು, ನಂಗೆ ಒಂಚೂರು ಬಿಡಿಸಿ ಹೇಳಿ. ಇವರು ಮಾಡಿದ್ದು ಎಂತ?"

"ಸುಮ್ಮನೆ ನಿಂತಿದ್ದರು."

"ಜನ ಸೇರಿದ್ದು ಯಾಕೆ?"

"ಕಾಗದ ನೋಡಲು."

"ಕಾಗದ ಕೊಟ್ಟದ್ದು ಯಾರು?"

"ನಮ್ಮ ಕಚೇರಿ."

"ಗಟ್ಟಿಯಾಗಿ ಓದಿ ಜನರನ್ನ ನಿಲ್ಲಿಸಿಕೊಂಡದ್ದು?"

ಮೂಲೆಯಲ್ಲಿದ್ದ ತುಕಾರಾಮ ಬೂಟು ನೋಡಿಕೊಂಡ.

ಸದಾಶಿವಣ್ಣ ಪೆನ್ನು ಮುಚ್ಚಿ ಮೇಜಿನ ಮೇಲಿಟ್ಟರು. "ಹಾಗಾದ್ರೆ ನಂಗೆ ಅರ್ಥ ಆಗಲಿಲ್ಲ. ಅರ್ಥ ಆಗದ್ದಕ್ಕೆ ಅರ್ಥ ಆಯ್ತು ಅಂತ ಸಹಿ ಹಾಕೂದು ಹೇಗೆ? ನಾಳೆ ಕೋರ್ಟಿನಲ್ಲಿ ವಕೀಲರು ಕೇಳಿದ್ರೆ ನಾನು ಎಂತ ಹೇಳ್ಲಿ? ಚಾ ಬೇಕಾದ್ರೆ ಕಳಿಸ್ತೇನೆ."

ಇನ್ಸ್‌ಪೆಕ್ಟರ್ ಬೇರೆ ಪಂಚರನ್ನು ಹುಡುಕಿಸಿದರು. ಬಂದವರೆಲ್ಲ ಓದಿ ಕೇಳಿ, ನಕ್ಕು, ಅರ್ಥವಾಗಲಿಲ್ಲ ಎಂದು ಹೋದರು. ಸಂಜೆ ಆರಕ್ಕೆ ಮಾಸ್ತರನ್ನು ಬಿಟ್ಟರು. ಕಾಗದ ಮಾತ್ರ ನನಗೆ ಸಿಗಲಿಲ್ಲ. ಅದು ಮಾಸ್ತರಿಗೆ ಬಂದ ಪತ್ರ, ಅವರ ಸ್ವಂತ ಆಸ್ತಿ ಎಂದು ಇನ್ಸ್‌ಪೆಕ್ಟರ್ ಅವರಿಗೇ ಹಿಂದಿರುಗಿಸಿದರು. ಚೌಕಿಯಿಂದ ಅದನ್ನು ಹೊರಹಾಕಿದರೆ ಸಾಕಾಗಿತ್ತು ಅವರಿಗೆ.

ಮಾಸ್ತರನ್ನು ಡೊಂಬಿವಲಿಯ ಗಾಡಿ ಹತ್ತಿಸಲು ಪ್ಲಾಟ್‌ಫಾರ್ಮಿಗೆ ಹೋದೆ. ಹೊಗಳುತ್ತಾರೆ ಎಂದುಕೊಂಡಿದ್ದೆ. ಮುಚ್ಚಿಡುವುದೇಕೆ.

"ಚಂದ ಬರದಿದ್ದೀ ಭೀಮಾ. ಬರಿಯಾಕ ಎಷ್ಟು ಹೊತ್ತು ಹಿಡೀತು?"

"ಮೂರು ದಿನ ತಲಿ ಕೆಡಿಸಿಕೊಂಡೆ ನೋಡ್ರಿ. ಇಲ್ಲ ಅನ್ನಾಕ ಫಾರ್ಮ್ ಇಲ್ರಿ ನಮ್ಮಲ್ಲಿ."

"ಹೌದು ಅನ್ನಾಕ?"

"ಅದು ಛಾಪಿಸಿದ್ದು ಕಟ್ಟುಗಟ್ಟಲೆ ಐತ್ರಿ."

"ಸಾಹೇಬ್ರು ಇದನ್ನ ಓದಿ ಸಹಿ ಹಾಕಿದ್ರೇನು?"

"ಮೂಲಿ ಅಷ್ಟ ನೋಡ್ತಾರ್ರಿ."

ಮಾಸ್ತರು ನಡೆಯುವುದು ನಿಲ್ಲಿಸಿದರು. ರಟ್ಟನ್ನು ಕಂಕುಳಲ್ಲಿ ಸರಿಪಡಿಸಿಕೊಂಡು ನನ್ನ ಮುಖ ನೋಡಿದರು. ಸಿಟ್ಟಿರಲಿಲ್ಲ. ಲೆಕ್ಕ ತಪ್ಪಿದ ಹುಡುಗನ ಪಾಟಿ ನೋಡುವ ಹಾಗೆ ನೋಡಿದರು.

"ಹಂಗಾರ ಆ ಛಾಪಿಸಿದ ಫಾರ್ಮಿನ್ಯಾಗ ನನ್ನ ಹೆಸರು ತುಂಬಿ ಗಂಟಿನ್ಯಾಗ ಇಟ್ಟಿದ್ರ, ಅದಕ್ಕೂ ಸಹಿ ಬೀಳತಿತ್ತಲ್ಲೋ?"

ಎರಡು ನಿಮಿಷದ ಕೆಲಸ. ಹೆಸರು, ಜಾಗ, ದಿನಾಂಕ. ನಾನು ಮೂರು ದಿನ ಅನ್ನ ಬಿಟ್ಟು, ನೌಕರಿ ಪಣಕ್ಕಿಟ್ಟು, ಕಳ್ಳತನದಲ್ಲಿ ಸಹಿ ಮಾಡಿಸಿದ್ದು ನಿರಾಕರಣೆಗೆ.

"ಮಾಡಬೇಕಿತ್ತು ಅನ್ನಂಗಿಲ್ಲ ನಾ," ಎಂದರು ಮಾಸ್ತರು. "ಹೊಳೀತೇನು ಅಂತ ಕೇಳ್ತೀನಿ."

"ಇಲ್ರಿ ಸರ. ಹೊಳೀಲಿಲ್ಲ."

"ಹೊಳಿಯಂಗಿಲ್ಲ ಬಿಡು. ನನಗೂ ಹೊಳದಿದ್ದಿಲ್ಲ. ಹೌದೋ ಇಲ್ಲೋ ಬರದು ಕೊಡು ಅಂದ್ನಿ. ಮನಸಿನ್ಯಾಗ ಇಲ್ಲ ಅನ್ನೂದಷ್ಟ ಬೇಡಿದ್ದೆ. ಒಂದು ಚಲೋ ಇಲ್ಲ ಸಿಕ್ರ ಸಾಕು ಅಂತ."

ಗಾಡಿ ಬಂತು. ಹತ್ತಿದರು. ಜನ ಅವರನ್ನೂ ರಟ್ಟನ್ನೂ ಒಳಗೆ ಎಳೆದುಕೊಂಡರು.

ಮರುದಿನ ಸಾಹೇಬರು ಇನ್ನು ಮೇಲೆ ಪ್ರತಿ ಕಾಗದವನ್ನೂ ಓದಿಯೇ ಸಹಿ ಹಾಕುವುದಾಗಿ ಶಾಖೆಗೆ ಘೋಷಿಸಿದರು. ಐದಕ್ಕೆ ಗಂಟು ಇಟ್ಟೆ. ಹನ್ನೊಂದು ಕಾಗದ ಮೊದಲಿನಿಂದ ಕೊನೆಯವರೆಗೆ ಓದಿದರು. ಒಂದು ಗಣಪತಿ ಮಂಡಳದ ಅಧ್ಯಕ್ಷರ ತಂದೆಯ ಹೆಸರನ್ನೂ ಕೇಳಿದರು. ಗಡಿಯಾರ ಐದೂ ಹದಿನೇಳು ತೋರಿಸಿತು. ಹನ್ನೆರಡನೆಯದರಿಂದ ಮತ್ತೆ ಮೂಲೆ ಮಾತ್ರ.

ಹದಿನೈದನೆಯದು ಒಂದು ಛಾಪಿಸಿದ ಫಾರ್ಮು. ಕಲ್ಲಪ್ಪ ಮಾಸ್ತರು ಮತ್ತು ಇತರ ನಾಲ್ವರು, ಕಲ್ಯಾಣ ಸ್ಟೇಷನ್ ಎದುರು, ಒಂದು ಗಂಟೆ, ಮೌನ. ದಿನಾಂಕ ಮುಂದಿನ ವರ್ಷದ ಆಗಸ್ಟ್ ಆರು. ಅನುಮತಿ ನೀಡಲಾಗಿದೆ.

ಸಹಿ ಬಿತ್ತು. ಮಸಿ ಒರಸುವ ಕಾಗದ ಒತ್ತಿ, ಹದಿನಾರನೆಯದನ್ನು ಎತ್ತಿದೆ. ಮಾಸ್ತರ ಫಾರ್ಮು ತುಂಬಲು ನನಗೆ ಹಿಡಿದದ್ದು ಎರಡೇ ನಿಮಿಷ.